ಐನೂರ ಅರವತ್ತೊಂದನೆಯ ಚೀಲ

ನಾನು ಸಹಿ ಮಾಡಿಕೊಟ್ಟ ಆ ಕಾಗದದಲ್ಲಿ ಇದ್ದದ್ದು ನಾಲ್ಕೇ ಸಾಲು. ಮೂರು ಸಾಲು ವಿಳಾಸ, ನಂಬರು, ತಾರೀಖಿಗೆ ಹೋಗಿದ್ದವು. ನಾಲ್ಕನೆಯ ಸಾಲಿನಲ್ಲಿ, ಐನೂರ ಅರವತ್ತೊಂದನೆಯ ಚೀಲ ನಮ್ಮ ತಪ್ಪಿನಿಂದ ಹಡಗು ಹತ್ತಿದೆ ಎಂದು ಇಂಗ್ಲಿಷಿನಲ್ಲಿ ಬರೆದಿತ್ತು. ತಪ್ಪಿನಿಂದ! ಇವತ್ತಿಗೂ ಆ ಮಾತು ನೆನಪಾದರೆ ನನ್ನ ಮೈ ಉರಿಯುತ್ತದೆ. ಅದು ತಪ್ಪಲ್ಲ ಎಂಬುದು ಬ್ಯಾಡಗಿ ಪೇಟೆಯ ಯಾವ ಹಮಾಲನನ್ನು ಕೇಳಿದರೂ ಗೊತ್ತಾಗುತ್ತಿತ್ತು. ಆದರೆ ಹಮಾಲನನ್ನು ಕೇಳುವ ಬ್ಯಾಂಕು ಭೂಮಿಯ ಮೇಲೆ ಎಲ್ಲಿದೆ?

ಮೊದಲಿನಿಂದಲೇ ಹೇಳುತ್ತೇನೆ. ಇಲ್ಲದಿದ್ದರೆ ಒಂದು ಚೀಲ ಮೆಣಸಿನಕಾಯಿಗೆ ಈ ಹೆಂಗಸು ಯಾಕಿಷ್ಟು ಹಾರಾಡುತ್ತಾಳೆ ಎಂದು ನಿಮಗೆ ಅನ್ನಿಸೀತು.

ನನ್ನ ಹೆಸರು ಪುಷ್ಪಾವತಿ. ಬ್ಯಾಡಗಿಯಲ್ಲಿ ನಮ್ಮದು ಮೆಣಸಿನಕಾಯಿ ಅಂಗಡಿ. ಕಟ್ಟಿದವರು ನನ್ನ ಮಾವ ಗುಡದಪ್ಪನವರ ಅಪ್ಪ. ಮಾವನವರಿಗೆ ಈಗ ಎಂಬತ್ತೊಂದು ವಯಸ್ಸು, ಆದರೂ ಮುಂಜಾನೆ ಎಂಟಕ್ಕೆ ಗಾದಿಯ ಮೇಲೆ ಕೂತಿರುತ್ತಾರೆ. ನನ್ನ ಗಂಡ ಮಾಂತೇಶ ಹಾವೇರಿ ಕೋರ್ಟಿನಲ್ಲಿ ವಕೀಲ. ಮೆಣಸಿನ ಘಾಟಿಗೆ ಸೀನು ಹತ್ತುತ್ತದೆ ಎಂಬ ನೆಪ ಹೇಳಿ ಚಿಕ್ಕಂದಿನಲ್ಲೇ ಅಂಗಡಿಯಿಂದ ತಪ್ಪಿಸಿಕೊಂಡ ಮನುಷ್ಯ. ಹಾಗಾಗಿ ರಾಣೆಬೆನ್ನೂರಿನಲ್ಲಿ ಬಿ.ಕಾಂ. ಮುಗಿಸಿ ಸೊಸೆಯಾಗಿ ಬಂದ ನನಗೆ ಅಂಗಡಿಯ ಕಾಗದಪತ್ರ ಗಂಟುಬಿತ್ತು. ಹತ್ತು ವರ್ಷದಿಂದ ಲೈಸನ್ಸು ನನ್ನ ಹೆಸರಿನಲ್ಲೇ ಇದೆ.

ಸೋಮವಾರ, ಗುರುವಾರ ಟೆಂಡರಿನಲ್ಲಿ ಮಾಲು ಹಿಡಿಯುತ್ತೇವೆ. ಆಮೇಲೆ ಮೂವತ್ತೆರಡು ಹೆಂಗಸರು ಸಾಲಾಗಿ ಕೂತು ತೊಟ್ಟು ಬಿಡಿಸುತ್ತಾರೆ. ಅವರ ಮುಂದಾಳು ಕದರಮಂಡಲಗಿಯ ದೇವವ್ವ, ನಾನು ಸೊಸೆಯಾಗಿ ಬರುವ ಮುಂಚಿನಿಂದ ಇದ್ದವಳು. ತೊಟ್ಟು ಬಿಡಿಸಿದ ಕಾಯಿ ಇಪ್ಪತ್ತೈದು ಕಿಲೋದ ಚೀಲ ಸೇರಿ ಮುಂಬಯಿಗೋ ಇಂದೂರಿಗೋ ಹೋಗುತ್ತದೆ.

ಲೋಡು ತುಂಬುವಾಗ ಮಾವನವರೇ ಎಣಿಸಬೇಕು. ಮೊದಲನೆಯ ಚೀಲಕ್ಕೆ ಅವರು ಒಂದು ಎನ್ನುವುದಿಲ್ಲ, ಲಾಭ ಎನ್ನುತ್ತಾರೆ. ಲಾಭ, ಎರಡು, ಮೂರು ಎಂದು ಶುರುವಾದರೆ ಕೊನೆಯ ಚೀಲಕ್ಕೆ ದೊಡ್ಡ ದನಿಯಲ್ಲಿ "ಆತು!" ಎನ್ನುತ್ತಾರೆ. ಅಲ್ಲಿಗೆ ಎಣಿಕೆ ಮುಗಿಯಿತು. ಆಮೇಲೆ ದೇವವ್ವ ಇನ್ನೊಂದು ಚೀಲದ ಬಾಯಿಗೆ ಕೆಂಪು ದಾರ ಕಟ್ಟುತ್ತಾಳೆ. ಹಮಾಲರು ಅದನ್ನೂ ಏರಿಸುತ್ತಾರೆ. ಅದು ಕೊಸರು. ಸಂತೆಯಲ್ಲಿ ಒಂದು ಕಿಲೋ ಬದನೆಕಾಯಿ ಕೊಂಡರೆ ಮೇಲೊಂದು ಹಾಕುವುದಿಲ್ಲವೇ, ಮದುವೆಯಲ್ಲಿ ಮುಯ್ಯಿ ಮಾಡುವಾಗ ನೂರರ ಮೇಲೊಂದು ರೂಪಾಯಿ ಇಡುವುದಿಲ್ಲವೇ, ಹಾಗೆ. ಕೊಸರಿಲ್ಲದೆ ನಮ್ಮ ಅಂಗಡಿಯಿಂದ ಒಂದು ಲೋಡೂ ಹೊರಬಿದ್ದಿಲ್ಲ. ಬೆಲೆ ನೆಲ ಕಚ್ಚಿದ ವರ್ಷವೂ ಬಿದ್ದಿಲ್ಲ.

ಇನ್ನು ಪ್ರೇಮಕುಮಾರನ ವಿಷಯ. ಹೋದ ವರ್ಷ ಸಂಕ್ರಾಂತಿ ಕಳೆದು ಪೇಟೆಗೆ ಮಾಲು ನುಗ್ಗುವ ಹೊತ್ತಿನಲ್ಲಿ ಅವನು ಬಂದ. ರಾಣೆಬೆನ್ನೂರಿನವನು, ಹುಬ್ಬಳ್ಳಿಯಲ್ಲಿ ವಿದೇಶಿ ಬ್ಯಾಂಕೊಂದರ ನೌಕರಿ. ಬ್ಯಾಂಕಿನ ಹೆಸರು ನಾನು ಹೇಳುವುದಿಲ್ಲ, ಹೇಳಿದ್ದಕ್ಕೂ ಒಂದು ಶುಲ್ಕ ಹಾಕಿಯಾರು. ಅವನ ಟೈ, ಪೆನ್ನು, ಕೊಟ್ಟ ಕ್ಯಾಲೆಂಡರು ಎಲ್ಲ ನೀಲಿ ಇದ್ದದ್ದರಿಂದ ನೀಲಿ ಬ್ಯಾಂಕು ಎನ್ನೋಣ.

ಆ ಹೊತ್ತಿಗೆ ದುಬೈನ ಒಂದು ದೊಡ್ಡ ಮಸಾಲೆ ಕಂಪನಿ ನಮ್ಮಿಂದ ಐನೂರ ಅರವತ್ತು ಚೀಲ ಡಬ್ಬಿ ಎಂಬ ಗುಂಡು ಜಾತಿಯ ಮೆಣಸಿನಕಾಯಿ ಕೇಳಿತ್ತು. ನಮ್ಮ ಅಂಗಡಿಯ ಮಾಲು ಸಮುದ್ರ ದಾಟುವುದು ಅದೇ ಮೊದಲು. ಹಣ ಎಲ್.ಸಿ. ಮೇಲೆ ಬರಬೇಕಿತ್ತು. ಎಲ್.ಸಿ. ಎಂದರೆ ಕೊಳ್ಳುವವನ ಬ್ಯಾಂಕು ಮಾರುವವನಿಗೆ ಬರೆದುಕೊಡುವ ಮಾತು. ಇಂಥ ಮಾಲು, ಇಷ್ಟು, ಇಂಥ ತಾರೀಖಿನೊಳಗೆ ಹಡಗಿಗೆ ಹಾಕಿದ್ದಕ್ಕೆ ಕಾಗದ ತಂದು ತೋರಿಸು, ಹಣ ನಾನು ಕೊಡುತ್ತೇನೆ ಎನ್ನುತ್ತದೆ ಬ್ಯಾಂಕು. ಅದು ಮೆಣಸಿನಕಾಯಿಯನ್ನು ಕಣ್ಣಿನಿಂದ ನೋಡುವುದಿಲ್ಲ. ಕಾಗದ ಮಾತ್ರ ನೋಡುತ್ತದೆ.

ನಮ್ಮ ಖಾತೆ ಇದ್ದದ್ದು ಹಾವೇರಿಯ ಸರಕಾರಿ ಬ್ಯಾಂಕಿನಲ್ಲಿ. ವಿದೇಶಿ ವ್ಯವಹಾರ ನೋಡುವ ಅಧಿಕಾರಿ ವಿಜಯಮಹಾಂತೇಶ ಅಲ್ಲಿದ್ದರು. ಕಾಗದ ತಂದುಕೊಡಿ, ಓದಿ ಕಳಿಸಲು ಹತ್ತು ಹದಿನೈದು ದಿನ ಬೇಕು ಎಂದಿದ್ದರು. ಓದಲಿಕ್ಕೆ ಹದಿನೈದು ದಿನವೇ ಎಂದು ನಾನು ಮುಖ ಸಿಂಡರಿಸಿಕೊಂಡು ಬಂದಿದ್ದೆ. ಪ್ರೇಮಕುಮಾರನಿಗೆ ಅಷ್ಟು ಸಾಕಾಯಿತು.

"ಅಕ್ಕಾರ, ಹದಿನೈದು ದಿನ ಯಾತಕ್ರಿ?" ಎಂದ. "ನಿಮ್ಮ ಗಿರಾಕಿದು ಖಾತೆ ನಮ್ಮ ದುಬೈ ಬ್ರಾಂಚಿನ್ಯಾಗ ಐತಿ. ನೀವು ಮುಂಬೈ ಬ್ರಾಂಚಿನ್ಯಾಗ ಖಾತೆ ಮಾಡ್ರಿ. ಎರಡೂ ತುದಿ ನಮ್ಮ ಕೈಯಾಗ ಆದ್ವು. ಈ ಕಿಸೆದಾಗಿಂದ ತಗದು ಆ ಕಿಸೆಕ್ಕ ಹಾಕೂದು, ಅಷ್ಟರಿ. ಮೂರ ದಿನದಾಗ ರೊಕ್ಕ."

ಮಾವನವರು ಗಾದಿಯಿಂದಲೇ ಕೇಳಿದರು. "ತಮ್ಮಾ, ಕಾಗದ ಯಾರು ಓದ್ತಾರ?"

"ಚೆನ್ನೈದಾಗ ನಮ್ಮ ಸೆಂಟರ್ ಐತ್ರಿ ಅಜ್ಜಾರ. ಎಲ್ಲಾ ಕಂಪ್ಯೂಟರ್ ಮ್ಯಾಲ. ಮನಷ್ಯಾರು ಕೈ ಹಚ್ಚೂದ ಇಲ್ಲ."

"ಹಂಗಾರ ಯಾರೂ ಓದೂದಿಲ್ಲನ್ನು."

ಪ್ರೇಮಕುಮಾರ ನಕ್ಕ. ನಾನೂ ನಕ್ಕೆ. ಆ ನಗುವಿಗೆ ಎಷ್ಟು ಖರ್ಚಾಯಿತು ಎಂದು ನನಗೆ ಚೆನ್ನಾಗಿ ಗೊತ್ತಿದೆ. ಅದೇ ವಾರ ನೀಲಿ ಬ್ಯಾಂಕಿನ ಹದಿನಾಲ್ಕು ಪುಟಕ್ಕೆ ಸಹಿ ಹಾಕಿದೆ. ಆ ಹದಿನಾಲ್ಕು ಪುಟಗಳನ್ನು ನಾನೂ ಓದಲಿಲ್ಲ.

ಕಂಟೇನರು ಬಂದ ದಿನ ಅಂಗಡಿಯ ಮುಂದೆ ಹಬ್ಬದ ಗದ್ದಲ. ಮಾವನವರು ಹೊಸ ಧೋತರ ಉಟ್ಟು ಬಂದು ಬಾಗಿಲ ಪಕ್ಕದಲ್ಲಿ ನಿಂತರು. ಲಾಭ, ಎರಡು, ಮೂರು ಎಂದು ಶುರು ಮಾಡಿದವರು ನಡುವೆ ನೀರು ಕೂಡ ಕುಡಿಯದೆ ಐನೂರ ಅರವತ್ತರವರೆಗೆ ಎಣಿಸಿ "ಆತು!" ಎಂದರು. ದೇವವ್ವ ಕೆಂಪು ದಾರ ಹಿಡಿದು ಕಾಯುತ್ತಿದ್ದಳು.

ಚೀಲಗಳ ಮೇಲೆಲ್ಲ ನಾನು ಕಪ್ಪು ಬಣ್ಣದಲ್ಲಿ ನಂಬರು ಹಾಕಿಸಿದ್ದೆ. ಬಂದರಿನಲ್ಲಿ ನಂಬರಿಲ್ಲದ ಚೀಲ ಸಿಕ್ಕರೆ ಇಡೀ ಕಂಟೇನರು ಬಿಚ್ಚಿಸಿ ನೋಡುತ್ತಾರೆ ಎಂದು ಮಾಲು ಹಡಗಿಗೆ ಹಾಕಿಸುವ ಏಜೆಂಟು ಹೆದರಿಸಿದ್ದ. ದೇವವ್ವ ದಾರ ಕಟ್ಟಿದ ಮೇಲೆ ನಾನೇ ಬ್ರಷ್ಷು ತೆಗೆದುಕೊಂಡು ಆ ಚೀಲದ ಮೇಲೆ ಐನೂರ ಅರವತ್ತೊಂದು ಎಂದು ಬರೆದೆ.

"ಅದಕ ಯಾತಕ್ಕ ನಂಬರ?" ಎಂದರು ಮಾವನವರು.

"ದುಬೈಕ ಹೋಗೂದೈತ್ರಿ ಮಾವಾರ. ಎಲ್ಲಾ ಲೆಕ್ಕಾಚಾರದಾಗ ಇರಬೇಕು."

ಅವರು ಬ್ರಷ್ಷಿನಿಂದ ಬಣ್ಣ ತೊಟ್ಟಿಕ್ಕುವುದನ್ನೇ ಸ್ವಲ್ಪ ಹೊತ್ತು ನೋಡಿ ಒಳಗೆ ಹೋದರು. ನಾನು ಇನ್‌ವಾಯ್ಸ್ ಮಾಡುವಾಗಲೂ ಕಣ್ಣುಮುಚ್ಚಾಲೆ ಆಡಲಿಲ್ಲ. ಐನೂರ ಅರವತ್ತು ಚೀಲಕ್ಕೆ ಬೆಲೆ ಹಾಕಿ, ಕೆಳಗೆ ಒಂದು ಚೀಲ ಪುಕ್ಕಟೆ ಎಂದು ಸ್ಪಷ್ಟವಾಗಿ ಬರೆದೆ. ಹಡಗಿನವರ ಕಾಗದದಲ್ಲೂ ಐನೂರ ಅರವತ್ತೊಂದು ಎಂದೇ ಬಂತು. ಇದ್ದದ್ದು ಇದ್ದ ಹಾಗೆ ಬರೆದೆನಲ್ಲ ಎಂದು ನನ್ನ ಮೇಲೆ ನನಗೇ ಹೆಮ್ಮೆ ಬಂದಿತ್ತು.

ಕಾಗದವನ್ನೆಲ್ಲ ನೀಲಿ ಬ್ಯಾಂಕಿಗೆ ಕೊಟ್ಟು ಮೂರು ದಿನ ಕಳೆಯಿತು. ಐದು ದಿನ ಕಳೆಯಿತು. ಆರನೆಯ ದಿನ ಪ್ರೇಮಕುಮಾರನ ಫೋನು ಬಂತು.

"ಅಕ್ಕಾರ, ಒಂದು ಸಣ್ಣ ತೊಂದರಿ ಆಗೇತ್ರಿ. ದುಬೈದವರು ಕಾಗದ ತಿರಸ್ಕಾರ ಮಾಡ್ಯಾರ. ಎಲ್.ಸಿ.ದಾಗ ಐನೂರಾ ಅರವತ್ತು ಐತಿ. ನೀವು ಒಂದು ಹೆಚ್ಚಿಗಿ ಕಳಿಸೀರಿ."

"ಹೆಚ್ಚಿಗಿ ಕಳಿಸೇವಿ ಹೊರ್ತು ಕಮ್ಮಿ ಕಳಿಸಿಲ್ಲಲ್ಲೋ ಮಾರಾಯಾ. ಪುಕ್ಕಟಂತ ಬರದೇನಲ್ಲ!"

"ಪುಕ್ಕಟಂತ ಬರದ್ರೂ ನಡ್ಯೂದಿಲ್ರಿ. ಹಂಗಂತನ ನಿಯಮ ಐತಿ. ಎಲ್.ಸಿ.ದಾಗ ಕೇಳಲಾರದ ಸಾಮಾನು ಕಾಗದದಾಗ ಕಾಣಬಾರ್ದು, ಪುಕ್ಕಟ ಇದ್ರೂ ಕಾಣಬಾರ್ದು."

ಕಡಿಮೆ ತೂಗಿದವನನ್ನು ಹಿಡಿಯಲು ನಿಯಮ ಇರಲಿ, ಬೇಡವೆನ್ನುವುದಿಲ್ಲ. ಆದರೆ ಎಲ್ಲೋ ದೂರದ ಊರಿನಲ್ಲಿ, ತಣ್ಣನೆಯ ಕೋಣೆಯಲ್ಲಿ, ದೊಡ್ಡ ಮೇಜಿನ ಸುತ್ತ ಕೂತ ದೊಡ್ಡ ಮನುಷ್ಯರು, ಪುಕ್ಕಟೆ ಕೊಟ್ಟರೂ ಕೊಡಬಾರದು ಎಂದು ಯೋಚನೆ ಮಾಡಿ, ಚರ್ಚೆ ಮಾಡಿ, ಅಚ್ಚು ಹಾಕಿಸಿದ್ದಾರೆ! ಎಂಥ ಜನ ಇವರು? ಇವರ ಮನೆಯಲ್ಲಿ ಊಟಕ್ಕೆ ಕೂತವರಿಗೆ ಯಾರಾದರೂ ಇನ್ನೊಂದು ರೊಟ್ಟಿ ಹಾಕಿಸಿಕೊಳ್ಳಿ ಎನ್ನುತ್ತಾರೋ ಇಲ್ಲವೋ?

"ಎರಡೂ ತುದಿ ನಿಮ್ಮ ಕೈಯಾಗ ಐತಿ ಅಂದಿದ್ದೆಲ್ಲ," ಎಂದೆ. "ನಿಮ್ಮ ಮುಂಬೈದವರು ನಿಮ್ಮ ದುಬೈದವರಿಗೆ ಒಂದು ಮಾತು ಹೇಳಲಿ. ಒಂದ ಬ್ಯಾಂಕ್ ಅಲ್ಲೇನು?"

"ಅಲ್ರಿ ಅಕ್ಕಾರ. ಬ್ಯಾರೆ ಬ್ಯಾರೆ ದೇಶದಾಗಿನ ಬ್ರಾಂಚಂದ್ರ ಬ್ಯಾರೆ ಬ್ಯಾರೆ ಬ್ಯಾಂಕ್ ಅಂತ ಲೆಕ್ಕರಿ. ಅದೂ ನಿಯಮನ ಐತಿ."

ಖಾತೆ ಮಾಡಿಸುವಾಗ ಒಂದೇ ಬ್ಯಾಂಕು. ಹಣ ಕೊಡುವಾಗ ಎರಡು ಬ್ಯಾಂಕು. ನಾನು ಫೋನಿನಲ್ಲಿ ಏನೇನು ಅಂದೆನೋ ಇಲ್ಲಿ ಬರೆಯಲಾರೆ. ಸಾಲಾಗಿ ಕೂತ ಮೂವತ್ತೆರಡು ಹೆಂಗಸರೂ ತೊಟ್ಟು ಬಿಡಿಸುವುದನ್ನು ನಿಲ್ಲಿಸಿ ನನ್ನನ್ನೇ ನೋಡುತ್ತಿದ್ದರು.

ಸಂಜೆಗೆ ದುಬೈ ಕಂಪನಿಯ ಮಾತು ಬಂತು. ಅವರು ದೊಡ್ಡ ಮನಸ್ಸು ಮಾಡಿ ಕಾಗದ ಒಪ್ಪುತ್ತಾರಂತೆ. ಬೆಲೆಯಲ್ಲಿ ನೂರಕ್ಕೆ ಒಂಬತ್ತು ಬಿಡಬೇಕು, ಜೊತೆಗೆ ಹೆಚ್ಚಿನ ಚೀಲ ನಮ್ಮ ತಪ್ಪಿನಿಂದ ಬಂದಿದೆ ಎಂದು ಬರೆದುಕೊಡಬೇಕು. ಒಂದು ಚೀಲ ಹೆಚ್ಚು ಕೊಟ್ಟದ್ದಕ್ಕೆ ಐವತ್ತು ಚೀಲದ ಬೆಲೆ ದಂಡ. ಕಂಟೇನರು ಅಲ್ಲಿಯ ಬಂದರಿನಲ್ಲಿ ನಿಂತಿತ್ತು, ನಿಂತಷ್ಟು ದಿನ ಬಾಡಿಗೆ ಏರುತ್ತಿತ್ತು. ಆ ಕಂಟೇನರಿನಲ್ಲಿ ನಮ್ಮ ಅಂಗಡಿಯ ಆ ಹಂಗಾಮಿನ ದುಡ್ಡೆಲ್ಲ ಕೂತಿತ್ತು. ಅದು ಬರದಿದ್ದರೆ ನಾವು ಮುಂದಿನ ಟೆಂಡರಿಗೆ ಕಾಲಿಡುವಂತಿರಲಿಲ್ಲ. ಮಾಲಿಲ್ಲದಿದ್ದರೆ ದೇವವ್ವ ಮತ್ತವಳ ಹೆಂಗಸರು ಮನೆಯಲ್ಲಿ ಕೂರಬೇಕು.

ಮಾವನವರಿಗೆ ಹೇಳಿದೆ. ಒಂಬತ್ತು ಬಿಡುವ ಮಾತಿಗೆ ಅವರು ತಲೆ ಕೆಡಿಸಿಕೊಳ್ಳಲಿಲ್ಲ.

"ವ್ಯಾಪಾರದಾಗ ಇದ್ದದ್ದ, ಬಿಡು. ಆದ್ರ ಕೊಸರು ತಪ್ಪು ಅಂತ ಬರದು ಕೊಡಬ್ಯಾಡ. ನಮ್ಮಪ್ಪನ ಕಾಲದಿಂದ ಎಷ್ಟು ಲೋಡ್ ಹೋಗ್ಯಾವು? ಅವೆಲ್ಲಾ ತಪ್ಪಾಕ್ಕಾವೇನು? ರೊಕ್ಕ ಬರಲಿಲ್ಲಂದ್ರ ಕದ ಹಾಕ್ಕೊಂಡು ಮನ್ಯಾಗ ಕುಂದ್ರೋಣು, ನಡಿತೈತಿ."

ಅವರಿಗೆ ನಡೆಯುತ್ತದೆ, ಎಂಬತ್ತರ ಮನುಷ್ಯ. ನನಗೆ ಹೇಗೆ ನಡೆಯಬೇಕು?

ಮರುದಿನ ಹಾವೇರಿಗೆ ಹೋದೆ. ನನ್ನ ಗಂಡ ಮಧ್ಯಾಹ್ನದ ಬಿಡುವಿನಲ್ಲಿ ಕರಿಕೋಟಿನಲ್ಲೇ ಎಲ್ಲ ಕಾಗದ ತಿರುವಿ ಹಾಕಿದ. ಕೋರ್ಟಿಗೆ ಹೋಗಬಹುದು, ಗೆಲ್ಲುವ ಹೊತ್ತಿಗೆ ಮೆಣಸಿನಕಾಯಿ ಬೂದಿಯಾಗಿರುತ್ತದೆ ಎಂದ. ಅಲ್ಲಿಂದ ಹಳೆ ಬ್ಯಾಂಕಿಗೆ ಹೋದೆ. ನಾಚಿಕೆಯಿಂದ ಬಾಗಿಲಲ್ಲಿ ಎರಡು ನಿಮಿಷ ನಿಂತೇ ಇದ್ದೆ. ವಿಜಯಮಹಾಂತೇಶ ಕುರ್ಚಿ ತೋರಿಸಿ, ಚಹ ತರಿಸಿ, ನನ್ನ ಕಾಗದದ ಕಟ್ಟನ್ನು ಬಿಚ್ಚಿದರು. ಕನ್ನಡಕ ಮೂಗಿನ ತುದಿಗಿಳಿಸಿಕೊಂಡು ಒಂದೊಂದೇ ಸಾಲು ಬೆರಳಿಟ್ಟು ಓದಿದರು. ಇನ್‌ವಾಯ್ಸಿನ ಕೆಳಸಾಲಿಗೆ ಬಂದಾಗ ಬೆರಳು ನಿಂತಿತು.

"ಇಲ್ಲೇ ಐತಿ ನೋಡ್ರಿ ಮೇಡಮ್ಮಾರ. ಇದು ನಮ್ಮ ಕಡೆ ಬಂದಿದ್ರ ನಾ ಕಳಸ್ತಿದ್ದಿಲ್ಲ. ಎಲ್.ಸಿ.ದಾಗ ಒಂದು ಚೀಲ ಪುಕ್ಕಟಂತ ಸೇರಿಸಿ ಬರಸ್ಕೊಂಡು ಬರ್ರಿ ಅಂತಿದ್ದೆ. ಅಲ್ಲಿವ್ರು ತಿದ್ದಿ ಕಳಸಾಕ ಎಂಟು ದಿನ ಆಗ್ತಿತ್ತು, ಅಷ್ಟ."

ನಾನು ನಿಧಾನ ಎಂದು ಬೈದದ್ದು ಇದಕ್ಕೇ. ಒಬ್ಬ ಮನುಷ್ಯ ಕನ್ನಡಕ ಹಾಕಿಕೊಂಡು ಓದುವುದಕ್ಕೆ. ಮೂರು ದಿನ, ಮೂರು ದಿನ ಎಂದು ಆಸೆ ಹಚ್ಚಿದವರು ಉಳಿಸಿದ್ದು ಆ ಓದುವ ಮನುಷ್ಯನ ಸಂಬಳವನ್ನು. ಅದನ್ನು ನನಗೆ ಸೌಲಭ್ಯ ಎಂದು ಮಾರಿದ್ದರು.

"ಆದ್ರ ಒಂದ ಚೀಲಕ್ಕ ಯಾಕ ಇಷ್ಟು ಬೆನ್ನು ಹತ್ಯಾರ್ರಿ ಅವರು?" ಎಂದು ಕೇಳಿದೆ.

ಅವರು ಕಾಗದ ಮತ್ತೆ ಕಟ್ಟಿದರು. "ಹೋದ ವಾರ ಮೆಣಸಿನಕಾಯಿ ರೇಟ್ ಏನಾತು?"

"ಇಳೀತು."

"ದುಬೈಯಾಗೂ ಇಳೀತು. ನಿಮ್ಮ ಗಿರಾಕಿಗೆ ಹಳೇ ರೇಟಿಗೆ ಮಾಲು ಬ್ಯಾಡಾಗೇತಿ. ಅಂವ ತನ್ನ ಬ್ಯಾಂಕಿಗೆ, ಕಾಗದ ಸ್ವಲ್ಪ ಛಲೋತಂಗ ನೋಡ್ರೆಪಾ ಅಂತಾನ. ದುಬೈ ಅಂದ್ರ ಸಣ್ಣ ಊರಲ್ಲರಿ ಅದು, ನಮ್ಮ ದೇಶದ್ದು ಸೇರಿ ಎಲ್ಲಾ ದೇಶದ ಬ್ಯಾಂಕೂ ಅಲ್ಲೇ ಅದಾವು. ಒಬ್ಬ ದೊಡ್ಡ ಗಿರಾಕಿ ಬಾಗಿಲಿಗೆ ಹತ್ತು ಬ್ಯಾಂಕಿನವರು ದಿನಾ ನಿಂತಿರ್ತಾರ. ನಾವು ಕಮಿಷನ್ ಕಮ್ಮಿ ಮಾಡ್ತೇವಿ ಅಂತ ಒಬ್ಬವ, ನಾವು ಬಡ್ಡಿ ಕಮ್ಮಿ ಮಾಡ್ತೇವಿ ಅಂತ ಇನ್ನೊಬ್ಬವ. ಅಂವ ವರ್ಷಕ್ಕ ಐನೂರು ಕಂಟೇನರ್ ತರಸ್ತಾನ. ನೀವು ಒಂದು ಕಳಿಸೀರಿ. ಬ್ಯಾಂಕು ಯಾರ ಕಡೆ ಆಕ್ಕೈತಿ, ನೀವ ಹೇಳ್ರಿ."

"ನಿಮ್ಮ ಬ್ಯಾಂಕಿನ ದುಬೈ ಬ್ರಾಂಚಿನವರೂ ಹಿಂಗ ಮಾಡ್ತಾರೇನ್ರಿ?"

ಅವರು ಸುಳ್ಳು ಹೇಳಲಿಲ್ಲ. "ಅಲ್ಲಿ ಅವರೂ ಪರದೇಶಿ ಬ್ಯಾಂಕನ ಅಲ್ಲೇನ್ರಿ," ಎಂದರು. "ಊರಾಗ ಬದುಕಬೇಕಲ್ಲ."

ಆ ಮಾತಿಗೆ ನನ್ನ ಸಿಟ್ಟು ಇಳಿಯಲಿಲ್ಲ, ದುಪ್ಪಟ್ಟಾಯಿತು. ಅಲ್ಲಿ ಅವರೊಳಗೆ ಒಬ್ಬ ಗಿರಾಕಿಗಾಗಿ ಮೇಲಾಟ, ಇಲ್ಲಿ ಹುಬ್ಬಳ್ಳಿಯಿಂದ ಕಾರು ತೆಗೆದುಕೊಂಡು ಬಂದು ನನ್ನಂಥವಳಿಗಾಗಿ ಮೇಲಾಟ. ಎರಡೂ ಮೇಲಾಟದ ಖರ್ಚು ಬೀಳುವುದು ಕೊನೆಗೆ ಬ್ಯಾಡಗಿಯ ತೊಟ್ಟು ಬಿಡಿಸುವ ಹೆಂಗಸರ ಬೆರಳಿನ ಮೇಲೆ. ಅವರ ಬೆರಳು ಸಂಜೆ ಹೊತ್ತಿಗೆ ಹೇಗೆ ಉರಿಯುತ್ತವೆ ಎಂದು ಯಾವ ಬ್ಯಾಂಕಿನ ನಿಯಮದಲ್ಲಾದರೂ ಬರೆದಿದೆಯೇ?

ಬೈದದ್ದಷ್ಟೇ ಬಂತು. ಮೂರು ದಿನ ತಡೆದೆ. ನಾಲ್ಕನೆಯ ದಿನ ಮಾವನವರು ಊಟಕ್ಕೆ ಮನೆಗೆ ಹೋಗಿದ್ದಾಗ ಪ್ರೇಮಕುಮಾರ ಕಳಿಸಿದ ಕಾಗದವನ್ನು ಕಂಪ್ಯೂಟರಿನಿಂದ ತೆಗೆದು ಸಹಿ ಹಾಕಿದೆ. ಅಂಗಡಿಯ ಸಿಕ್ಕಾ ಒತ್ತಿದೆ. ಸಿಕ್ಕಾದ ಮೇಲೆ ಮಾವನವರ ಅಪ್ಪನ ಹೆಸರಿದೆ. ದೇವವ್ವ ಕಂಬದ ಬಳಿ ನಿಂತು ನೋಡುತ್ತಿದ್ದಳು. ಅವಳಿಗೆ ಇಂಗ್ಲಿಷು ಬರುವುದಿಲ್ಲ, ಆದರೆ ನನ್ನ ಮುಖ ಓದಲು ಬರುತ್ತದೆ.

ಹಣ ಬಂತು. ಒಂಬತ್ತು ಹೋಗಿ, ಬಂದರಿನ ಬಾಡಿಗೆ ಹೋಗಿ, ಕಾಗದದಲ್ಲಿ ದೋಷ ಹುಡುಕಿದ್ದಕ್ಕೆ ದುಬೈ ಬ್ರಾಂಚಿನ ಶುಲ್ಕ ಹೋಗಿ, ಆ ದೋಷವನ್ನು ನಮಗೆ ತಿಳಿಸಿದ್ದಕ್ಕೆ ಮುಂಬಯಿ ಬ್ರಾಂಚಿನ ಶುಲ್ಕವೂ ಹೋಗಿ ಉಳಿದದ್ದು ಬಂತು. ಟೆಂಡರಿಗೆ ನಿಲ್ಲುವಷ್ಟಾಯಿತು. ಇಪ್ಪತ್ತು ದಿನದ ಮೇಲೆ ಇನ್ನೊಂದು ಸಣ್ಣ ಕಡಿತದ ಚೀಟಿ ಬಂತು. ಇದೇನು ಎಂದು ಕೇಳಿದ್ದಕ್ಕೆ ಉತ್ತರ ಬಂತು: ಹೆಚ್ಚಿನ ಒಂದು ಚೀಲಕ್ಕೆ ಆಮದು ಕಾಗದ ಇಲ್ಲದ ಕಾರಣ ಅದನ್ನು ನಾಶ ಮಾಡಲಾಗಿದೆ, ಇದು ನಾಶ ಮಾಡಿದ ಖರ್ಚು.

ಕೆಂಪು ದಾರ ಕಟ್ಟಿದ ಚೀಲ. ಸುಟ್ಟರೋ ಹೂತರೋ ಗೊತ್ತಿಲ್ಲ. ಸುಟ್ಟಿದ್ದರೆ ಆ ಘಾಟು ಅವರ ತಣ್ಣನೆಯ ಕೋಣೆಗಳಿಗೆಲ್ಲ ನುಗ್ಗಿ ವಾರಗಟ್ಟಲೆ ಕೆಮ್ಮಿಸಿರಲಿ ಎಂದು ಮನಸಾರೆ ಹಾರೈಸಿದೆ. ಆ ಹಾರೈಕೆಗೆ ನನಗೆ ಇವತ್ತಿಗೂ ಪಶ್ಚಾತ್ತಾಪ ಇಲ್ಲ.

"ಚೀಲ ಮುಟ್ಟಿತೇನು?" ಎಂದು ಮಾವನವರು ಒಮ್ಮೆ ಕೇಳಿದರು. ಅವರು ಕೇಳಿದ್ದು ಐನೂರ ಅರವತ್ತರ ವಿಷಯವಲ್ಲ, ಕೊಸರಿನದು ಎಂದು ನನಗೆ ಗೊತ್ತಿತ್ತು.

"ಮುಟ್ಟೇತ್ರಿ," ಎಂದೆ.

"ಬರದು ಕೊಡಲಾರದನ ಒಪ್ಪಿದ್ರಲ್ಲ. ಛಲೋ ಆತು."

ನಾನು ಹೂಂ ಎಂದೆ. ಆ ಸುಳ್ಳು ಒಂದು ವರ್ಷ ನನ್ನ ಗಂಟಲಲ್ಲಿ ಮೆಣಸಿನ ಬೀಜದ ಹಾಗೆ ಕೂತಿತ್ತು.

ಈ ವರ್ಷ ಮಹಾಶಿವರಾತ್ರಿ ಮುಗಿದ ವಾರ ಪ್ರೇಮಕುಮಾರ ಮತ್ತೆ ಬಂದ. ಈ ಸಲ ಟೈ ಹಸಿರು. ನೀಲಿ ಬ್ಯಾಂಕು ಭಾರತದಲ್ಲಿ ಸಣ್ಣ ರಫ್ತುದಾರರ ವ್ಯವಹಾರವನ್ನೇ ಮುಚ್ಚಿತಂತೆ. ಅಲ್ಲೆಲ್ಲೋ ಮುಖ್ಯ ಕಚೇರಿಯಲ್ಲಿ ನಮ್ಮಂಥವರಿಂದ ಲಾಭ ಸಾಲದು ಎಂದು ಒಂದು ಸಭೆಯಲ್ಲಿ ತೀರ್ಮಾನವಾಯಿತಂತೆ. ಈಗ ಅವನು ಇನ್ನೊಂದು ದೇಶದ ಬ್ಯಾಂಕಿನಲ್ಲಿದ್ದಾನೆ.

"ಇವರದು ನಲವತ್ತು ದೇಶದಾಗ ಬ್ರಾಂಚ್ ಅದಾವ್ರಿ ಅಕ್ಕಾರ," ಎಂದ. ಅವನ ದನಿಯಲ್ಲಿ ಎಳ್ಳಷ್ಟೂ ಅಳುಕಿರಲಿಲ್ಲ.

"ಅಂದ್ರ ನಲವತ್ತು ಬ್ಯಾಂಕು," ಎಂದೆ.

ಅವನಿಗೆ ಅರ್ಥವಾಯಿತು, ನಕ್ಕ. ಮಾವನವರು ಗಾದಿಯ ಮೇಲಿಂದ, ಕುಂದ್ರು ತಮ್ಮಾ, ಚಾ ಕುಡಿ ಎಂದರು. ಚಹ ಕುಡಿದು, ರಾಣೆಬೆನ್ನೂರಿನ ತನ್ನ ತಾಯಿ ಖಾರ ಕುಟ್ಟಿಸಬೇಕೆಂದಿದ್ದಾಳೆ, ಮೂರು ಕಿಲೋ ಡಬ್ಬಿ ಬೇಕು ಎಂದ. ದೇವವ್ವ ತೂಗಿದಳು. ಮುಳ್ಳು ಮೂರಕ್ಕೆ ನಿಂತಿತು. ತೂಗಿದ್ದನ್ನು ಅವನ ಕೈಚೀಲಕ್ಕೆ ಸುರಿದು, ಎಂದಿನಂತೆ ರಾಶಿಯಿಂದ ಇನ್ನೊಂದು ಹಿಡಿ ಎತ್ತಿದಳು.

"ತಡಿ ದೇವವ್ವಾ!" ಎಂದೆ.

ಅವಳ ಕೈ ಅಲ್ಲೇ ನಿಂತಿತು. ನಾನು ಒಂದು ಹಾಳೆ ತೆಗೆದು ಪ್ರೇಮಕುಮಾರನ ಮುಂದೆ ಇಟ್ಟೆ. "ಬರಿ. ಈ ಹಿಡಿ ಮೆಣಸಿನಕಾಯಿ ಇವರ ತಪ್ಪಿನಿಂದ ನನ್ನ ಚೀಲಕ್ಕ ಬಂದೈತಿ ಅಂತ ಬರದು ಸಹಿ ಮಾಡು. ಆಮ್ಯಾಲ ತಗೊಂಡು ಹೋಗು."

ಅವನು ನಾಚಬೇಕು, ಹಾಳೆ ನೋಡಿ ತಲೆ ತಗ್ಗಿಸಬೇಕು ಎಂದು ನಾನು ಕಾದೆ. ಒಂದು ವರ್ಷ ಹಾಸಿಗೆಯಲ್ಲಿ ಹೊರಳಾಡಿಸಿದ ಸಿಟ್ಟಿಗೆ ಅಷ್ಟಾದರೂ ಸಿಗಬೇಡವೇ? ಅವನು ಕಿಸೆಯಿಂದ ಹಸಿರು ಪೆನ್ನು ತೆಗೆದ. ನಾನು ಹೇಳಿದ್ದನ್ನು ಚಂದದ ಅಕ್ಷರದಲ್ಲಿ ಬರೆದ, ಕೆಳಗೆ ಸಹಿ ಎಳೆದ, ತಾರೀಖನ್ನೂ ಹಾಕಿದ. ಅರ್ಧ ನಿಮಿಷ ಹಿಡಿಯಲಿಲ್ಲ. ಅವನಿಗೆ ಅದು ಏನೂ ಆಗಿರಲಿಲ್ಲ.

"ಏನಪಾ ಅದು ಕಾಗದ?" ಎಂದರು ಮಾವನವರು.

"ಏನಿಲ್ರಿ ಅಜ್ಜಾರ, ಅಕ್ಕಾರು ಚ್ಯಾಷ್ಟಿ ಮಾಡಾಕತ್ತಾರ. ಹೋದ ವರ್ಷ ಅವರು ನಮ್ಮ ಬ್ಯಾಂಕಿಗೆ ಬರದು ಕೊಟ್ಟಿದ್ರಲ್ಲರಿ, ಅಂಥಾದ್ದ ನನ್ನ ಕಡಿಂದ ಬರಸ್ಕೊಂಡ್ರು."

ಮಾವನವರು ಕೈ ಚಾಚಿದರು. ಪ್ರೇಮಕುಮಾರ ಹಾಳೆ ಕೊಟ್ಟ. ಅವರು ಅದನ್ನು ದೂರ ಹಿಡಿದು ಎರಡು ಸಲ ಓದಿದರು. ಆಮೇಲೆ ನನ್ನ ಕಡೆ ನೋಡಿದರು. ಅವರ ಕಣ್ಣಿನಲ್ಲಿ ಸಿಟ್ಟಿದ್ದರೆ ನನಗೆ ಎಷ್ಟೋ ಹಗುರಾಗುತ್ತಿತ್ತು.

"ಬರದು ಕೊಟ್ಟಿದ್ದಿ?"

"ಕೊಟ್ಟೇನ್ರಿ ಮಾವಾರ."

"ಏನಂತ?"

"ಐನೂರಾ ಅರವತ್ತೊಂದನೇ ಚೀಲ ನಮ್ಮ ತಪ್ಪಿನಿಂದ ಹೋಗೇತಿ ಅಂತ."

ಅವರು ಹಾಳೆಯನ್ನು ಗಾದಿಯ ಮೇಲಿಟ್ಟರು. "ನಾ ಐನೂರಾ ಅರವತ್ತಕ್ಕ ಆತು ಅಂದಿದ್ದೆ, ಪುಷ್ಪಾ. ಅರವತ್ತೊಂದನೇ ಚೀಲ ಅನ್ನೂದು ನಮ್ಮ ಅಂಗಡಿಯಾಗ ಎಂದೂ ಇದ್ದಿಲ್ಲ. ಕೊಸರು ಯಾರೂ ಎಣಿಸೂದಿಲ್ಲವಾ."

ನನಗೆ ಬ್ರಷ್ಷು ನೆನಪಾಯಿತು, ತೊಟ್ಟಿಕ್ಕುತ್ತಿದ್ದ ಕಪ್ಪು ಬಣ್ಣ ನೆನಪಾಯಿತು. ಬ್ಯಾಂಕಿನವರು ಮಾಡಿದ್ದು ಅನ್ಯಾಯವೇ, ಆ ಮಾತಿನಿಂದ ನಾನು ಒಂದಿಂಚೂ ಹಿಂದೆ ಸರಿಯುವುದಿಲ್ಲ. ಆದರೆ ಅವರಿಗಿಂತ ಮೊದಲು ಆ ಚೀಲಕ್ಕೆ ನಂಬರು ಬರೆದದ್ದು ನನ್ನದೇ ಕೈ. ಲೋಡಾದ ದಿನದ ಸಂಜೆಯೂ ಆ ಕೈಯ ಉಗುರಿನ ಸಂದಿಯಲ್ಲಿ ಬಣ್ಣ ಉಳಿದಿತ್ತು.

ಮಾವನವರು ಮೊಣಕಾಲಿಗೆ ಕೈಯೂರಿ ಎದ್ದರು. ರಾಶಿಯ ಹತ್ತಿರ ಹೋಗಿ ಕೈ ತುಂಬ ಮೆಣಸಿನಕಾಯಿ ತೆಗೆದು, ತಕ್ಕಡಿಯ ಕಡೆ ನೋಡದೆ, ಪ್ರೇಮಕುಮಾರನ ಕೈಚೀಲಕ್ಕೆ ಹಾಕಿದರು. ಅವನು ಇನ್ನೂ ಪೆನ್ನು ಹಿಡಿದೇ ನಿಂತಿದ್ದ.

"ಒಯ್ದು ನಿಮ್ಮವ್ವಗ ಕೊಡು, ತಮ್ಮಾ," ಎಂದರು. "ಇದನ್ನ ಎಲ್ಲೂ ಬರೀಬ್ಯಾಡ."